ಕೋರ್ಟಿಗೆ ಕಾಣದ ನಷ್ಟ

ಊರಿನಿಂದ ಅಪ್ಪ-ಅಮ್ಮನನ್ನು ರೈಲಿನಲ್ಲಿ ಮುಂಬೈಗೋ ಪುಣೆಗೋ ಕರೆಸಿಕೊಳ್ಳುವ ನಮಗೆ ಇದು ಗೊತ್ತು. 60 ತುಂಬಿದ ಗಂಡಸರಿಗೆ ಶೇ 40, 58 ತುಂಬಿದ ಹೆಂಗಸರಿಗೆ ಶೇ 50 ರಿಯಾಯಿತಿ ಇತ್ತು. ಕೊರೊನಾ ಕಾಲದಲ್ಲಿ ಅನಗತ್ಯ ಪ್ರಯಾಣ ತಡೆಯಲೆಂದು 2020ರ ಮಾರ್ಚ್‌ನಲ್ಲಿ ಅದನ್ನು ನಿಲ್ಲಿಸಿದರು. ಕೊರೊನಾ ಹೋಯಿತು, ರಿಯಾಯಿತಿ ಮರಳಲಿಲ್ಲ. ಅದನ್ನು ಮರಳಿ ಕೊಡಿಸಿ ಎಂಬ ಅರ್ಜಿಯನ್ನು ಸುಪ್ರೀಂ ಕೋರ್ಟ್ 2023ರ ಏಪ್ರಿಲ್‌ನಲ್ಲಿ ವಜಾ ಮಾಡಿತು. ಇದು ಸರ್ಕಾರ ತೀರ್ಮಾನಿಸಬೇಕಾದ ನೀತಿಯ ವಿಷಯ ಎಂದಿತು.

ಇದೇ ಕೋರ್ಟ್ 1978ರಲ್ಲಿ, ಮೋತಿಲಾಲ್ ಪದಂಪತ್ ಶುಗರ್ ಮಿಲ್ಸ್ ಪ್ರಕರಣದಲ್ಲಿ, ಉತ್ತರ ಪ್ರದೇಶ ಸರ್ಕಾರವನ್ನು ಕೊಟ್ಟ ಮಾತಿಗೆ ಕಟ್ಟಿಹಾಕಿತ್ತು. ಮೂರು ವರ್ಷ ಮಾರಾಟ ತೆರಿಗೆ ಇಲ್ಲವೆಂಬ ಭರವಸೆ ನಂಬಿ ಆ ಕಂಪನಿ ಕಾನ್ಪುರದಲ್ಲಿ ವನಸ್ಪತಿ ಕಾರ್ಖಾನೆ ಹಾಕಿತ್ತು. ನಂಬಿ ಹಣ ಹೂಡಿದವರಿಗೆ ಸರ್ಕಾರ ಕೈಕೊಡುವಂತಿಲ್ಲ ಎಂಬುದು ತೀರ್ಪಿನ ಸಾರ.

ಕಾನೂನಿನ ಪ್ರಕಾರ ಈ ವ್ಯತ್ಯಾಸ ಸರಿಯೇ. ಟಿಕೆಟ್ ರಿಯಾಯಿತಿ ನಂಬಿ ಯಾರೂ ಕಾರ್ಖಾನೆ ಹಾಕುವುದಿಲ್ಲ. ಆದರೆ ಅದನ್ನು ನಂಬಿ ವರ್ಷಕ್ಕೊಮ್ಮೆ ಬರುತ್ತಿದ್ದ ಅಜ್ಜ-ಅಜ್ಜಿಯರ ನಷ್ಟ ಯಾವ ಅರ್ಜಿಯಲ್ಲೂ ಕಾಣುವುದಿಲ್ಲ.

ಹಾಗಾಗಿ ಈ ಜಗಳ ಕೋರ್ಟಿನದಲ್ಲ, ಸಂಸತ್ತಿನದು. ಸ್ಲೀಪರ್ ಮತ್ತು 3ಎಸಿಯಲ್ಲಾದರೂ ರಿಯಾಯಿತಿ ಕೊಡುವುದನ್ನು ಪರಿಶೀಲಿಸಿ ಎಂದು ಸಂಸದೀಯ ಸ್ಥಾಯಿ ಸಮಿತಿಯೇ ಹೇಳಿದೆ. ಅದನ್ನು ನೆನಪಿಸಿ ನಿಮ್ಮ ಸಂಸದರಿಗೊಂದು ಪತ್ರ ಹಾಕಿ.