ಝೇಂಕಾರಕ್ಕೆ ಕೈಮುಗಿದರೆ ಸಾಲದು



ಪ್ರತಿ ಸಂಚಿಕೆಯಲ್ಲೂ ಷೇರು, ಸಾಲ, ಗೊಬ್ಬರ, ಅಡಿಕೆ ಧಾರಣೆ ಎಂದು ಬರೆಯುತ್ತಿದ್ದ ಕಾರ್ಯದರ್ಶಿ ಈ ಸಲ ದೇವರ ವಿಷಯಕ್ಕೆ ಕೈಹಾಕಿದ್ದಾನಲ್ಲ ಎಂದು ತಾವು ಹುಬ್ಬೇರಿಸಬಹುದು. ಕಡೆಯವರೆಗೆ ಓದಿದರೆ ಇದೂ ತೋಟದ ಲೆಕ್ಕವೇ ಎಂಬುದು ತಮಗೆ ಮನವರಿಕೆಯಾದೀತು.

ಹುಳುಗಳ ದನಿಯನ್ನೇ ದೇವರ ದನಿಯೆಂದು ನಂಬುವ ಮತವೊಂದಿದ್ದರೆ ಹೇಗಿರುತ್ತದೆ ಎಂದು ಮೊನ್ನೆ ಸಂಘದ ಜಗುಲಿಯಲ್ಲಿ ತರುಣ ಸದಸ್ಯರೊಬ್ಬರು ತಮಾಷೆಗೆ ಕೇಳಿದರು. ಅದನ್ನು ಹೊಸದಾಗಿ ಕಲ್ಪಿಸಬೇಕಾಗಿಲ್ಲ, ನಾವೆಲ್ಲ ಅರ್ಧ ಆ ಮತದವರೇ ಎಂದು ನಾನು ಉತ್ತರಿಸಿದೆ.

ದಕ್ಷಿಣ ಕನ್ನಡದ ಕಟೀಲಿನಲ್ಲಿ ನಂದಿನಿ ನದಿಯ ನಡುವೆ ನೆಲೆಸಿರುವ ದುರ್ಗಾಪರಮೇಶ್ವರಿ ಭ್ರಮರರೂಪಿಣಿ. ಎರಡು ಕಾಲಿನವರಿಂದಲೂ ನಾಲ್ಕು ಕಾಲಿನವುಗಳಿಂದಲೂ ಸಾವು ಬಾರದಂತೆ ವರ ಪಡೆದಿದ್ದ ಅರುಣಾಸುರನನ್ನು ದೇವಿ ಆರು ಕಾಲಿನ ದುಂಬಿಯಾಗಿ ಬಂದು ಕೊಂದಳೆಂಬುದು ಪುರಾಣ. ಶ್ರೀಶೈಲದಲ್ಲಿ ಮಲ್ಲಿಕಾರ್ಜುನನ ಜೊತೆಗಿರುವವಳು ಭ್ರಮರಾಂಬೆ. ಆಕೆಯ ಗುಡಿಯ ಹಿಂಗೋಡೆಯ ಸಣ್ಣ ರಂಧ್ರಕ್ಕೆ ಕಿವಿಯಿಟ್ಟರೆ ದುಂಬಿಯ ಝೇಂಕಾರ ಕೇಳಿಸುತ್ತದೆಂದು ಭಕ್ತರ ನಂಬಿಕೆ. ಹಠಯೋಗ ಪ್ರದೀಪಿಕೆ ಹೇಳುವ ಎಂಟು ಕುಂಭಕಗಳಲ್ಲಿ ದುಂಬಿಯಂತೆ ದನಿಗೈಯುವ ಭ್ರಾಮರಿಯೂ ಒಂದು. ದೂರದ ಜಪಾನಿನಲ್ಲೂ ಇಂಥದು ಉಂಟು. ಕ್ಯೋಟೋ ನಗರದ ಕೆಗೊನ್‌ಜಿ ಎಂಬ ಜೆನ್ ಬೌದ್ಧ ದೇವಾಲಯದಲ್ಲಿ ಸುಜುಮುಶಿ ಎಂಬ ಚಿಮ್ಮಂಡೆ ಹುಳುಗಳನ್ನು ವರ್ಷವಿಡೀ ಸಾಕುತ್ತಾರೆ. ಬಂದವರು ಆ ಗಂಟೆದನಿಯನ್ನು ಕೇಳುತ್ತ ಪ್ರವಚನಕ್ಕೆ ಕೂರುತ್ತಾರೆ. ಇನ್ನು ನಮ್ಮ ಮಧುಗಿರಿಗೆ, ಹಳಬರ ಬಾಯಲ್ಲಿ ಮದ್ದಗಿರಿಗೆ, ಬೆಟ್ಟದ ಬಂಡೆಗೆ ಜೋತುಬಿದ್ದ ಜೇನಿನಿಂದಲೇ ಹೆಸರು ಬಂತೆಂದು ಹೇಳುವುದನ್ನು ತಾವೆಲ್ಲ ಕೇಳಿದ್ದೀರಿ.

ಭ್ರಮರ-ಕೀಟ ನ್ಯಾಯವೂ ತಮಗೆ ತಿಳಿದದ್ದೇ. ಭ್ರಮರದ ಗೂಡಿನಲ್ಲಿ ಸಿಕ್ಕ ಹುಳು ಅದರ ದನಿಯನ್ನೇ ಕೇಳುತ್ತ, ಅದನ್ನೇ ಧ್ಯಾನಿಸುತ್ತ ತಾನೂ ಭ್ರಮರವಾಗುತ್ತದೆ ಎಂದು ಹಿರಿಯರು ಗುರು-ಶಿಷ್ಯರಿಗೆ ಹೋಲಿಕೆ ಕೊಟ್ಟರು. ಕೀಟಶಾಸ್ತ್ರ ಹೇಳುವುದು ಬೇರೆ. ಮಣ್ಣಿನ ಗೂಡು ಕಟ್ಟುವ ಕಣಜ ಹುಳುವನ್ನು ಕುಟುಕಿ, ನಿಶ್ಚೇಷ್ಟಗೊಳಿಸಿ, ತನ್ನ ಮೊಟ್ಟೆಯ ಜೊತೆ ಗೂಡಿಗೆ ತುಂಬುತ್ತದೆ. ಮರಿ ಆ ಹುಳುವನ್ನೇ ತಿಂದು ಬೆಳೆದು ಹೊರಬರುತ್ತದೆ. ಹೋಲಿಕೆ ಕೆಟ್ಟಿತೆಂದು ಬೇಸರ ಬೇಡ. ತೆಂಗಿನ ಕಪ್ಪುತಲೆ ಹುಳುವಿನ ಹತೋಟಿಗೆ ನಾವು ಗೋನಿಯೋಜಸ್ ಎಂಬ ಪರೋಪಜೀವಿಯನ್ನು ತಂದು ಬಿಡುತ್ತೇವಲ್ಲ, ಅದೂ ಕಣಜದ ಕುಲದ್ದೇ, ಮಾಡುವ ಕೆಲಸವೂ ಅದೇ. ಹಿರಿಯರು ಕೈಮುಗಿದ ದನಿ ನಮ್ಮ ಬೆಳೆಯ ಕಾವಲುಗಾರನದೂ ಹೌದು.

ಈಗ ನನ್ನದೇ ತಪ್ಪೊಂದನ್ನು ಹೇಳಬೇಕು. ನಾನು ಪದವಿ ಮುಗಿಸಿ ಊರಿಗೆ ಬಂದ ಹೊಸತರಲ್ಲಿ, ೧೯೯೨ರ ಸುಮಾರಿಗೆ, ಥಾಯ್ ಸ್ಯಾಕ್‌ಬ್ರೂಡ್ ಎಂಬ ವೈರಸ್ ರೋಗ ದಕ್ಷಿಣ ಭಾರತದ ತುಡುವೆ ಜೇನನ್ನು ಬಹುಪಾಲು ನಾಶಮಾಡಿತು. ನಮ್ಮ ತಂದೆಯವರ ಐದು ಪೆಟ್ಟಿಗೆಗಳೂ ಬರಿದಾದವು. ಆಗ ಅದು ದೈವೇಚ್ಛೆಯೆಂದು ಸುಮ್ಮನಾದೆವು. ಆದರೆ ಕೆಲವು ವರ್ಷಗಳ ಹಿಂದೆ ಅಡಿಕೆ ಹೊಂಬಾಳೆಗೆ ಹುಳು ಬಿತ್ತೆಂದು ಬೆಳಗಿನ ಹೊತ್ತೇ ಔಷಧಿ ಹೊಡೆಸಿದವನು ನಾನೇ. ಗಂಡುಹೂವಿನ ಪರಾಗಕ್ಕೆ ಬಂದಿದ್ದ ಜೇನು ಮಧ್ಯಾಹ್ನದೊಳಗೆ ಮರದ ಬುಡದಲ್ಲಿ ರಾಶಿ ಬಿತ್ತು. ಮರುದಿನ ತೋಟದಲ್ಲಿ ಗಾಳಿಯ ಸದ್ದೊಂದೇ. ಆ ವರ್ಷವೇ ಸಂಸಾರ ಸಮೇತ ಶ್ರೀಶೈಲಕ್ಕೆ ಹೋದೆ. ಭ್ರಮರಾಂಬೆಯ ಗೋಡೆಗೆ ಕಿವಿಯಿಡಲು ಸರದಿಯಲ್ಲಿ ನಿಂತಾಗ, ಮನೆಯ ಬಾಗಿಲಲ್ಲಿದ್ದ ದನಿಯನ್ನು ಕೈಯಾರೆ ಕೊಂದು, ಇನ್ನೂರು ಮೈಲಿಗೂ ಹೆಚ್ಚು ಬಂದು ಅದೇ ದನಿಯನ್ನು ಹುಡುಕುತ್ತಿದ್ದೇನಲ್ಲ ಎಂದು ನಾಚಿಕೆಯಾಯಿತು. ನನ್ನ ಸರದಿಯನ್ನು ಹಿಂದಿನವರಿಗೆ ಬಿಟ್ಟುಕೊಟ್ಟು ಹೊರಗೆ ಬಂದೆ.

ಅಡಿಕೆಗೆ ಗಾಳಿಯೇ ಸಾಕು, ಜೇನಿನ ಹಂಗೇಕೆ ಎಂದು ಕೆಲವರು ಕೇಳುತ್ತಾರೆ. ಅಡಿಕೆಯ ಪರಾಗಸ್ಪರ್ಶಕ್ಕೆ ಗಾಳಿಯೇ ಮುಖ್ಯ ಎಂಬುದು ನಿಜ. ಅರೇಬಿಕಾ ಕಾಫಿಯೂ ತನ್ನ ಪರಾಗದಿಂದಲೇ ಕಾಯಿ ಕಟ್ಟುತ್ತದೆ. ಆದರೆ ರೊಬಸ್ಟಾ ಹಾಗಲ್ಲ; ತನ್ನ ಗಿಡದ ಪರಾಗ ಅದಕ್ಕೆ ಒಗ್ಗದು, ಬೇರೆ ಗಿಡದಿಂದಲೇ ಬರಬೇಕು. ಗಾಳಿಯ ಜೊತೆಗೆ ಜೇನು ಸೇರಿದರೆ ಕಾಯಿ ಹೆಚ್ಚು ನಿಲ್ಲುತ್ತದೆ. ಅಡಿಕೆಯ ನೆರಳಿನಲ್ಲಿ ಕಾಫಿ ಹಾಕಿ ನೋಡುತ್ತಿರುವ ನಮ್ಮ ಸದಸ್ಯರು ಇದನ್ನು ಗಮನಿಸಬೇಕು. ಇದಲ್ಲದೆ, ಜೇನಿಗೆ ಸರ್ವೆ ನಂಬರಿನ ಹಂಗಿಲ್ಲ. ಇಂದು ಕೊರಟಗೆರೆಯ ಹೊಂಬಾಳೆಯ ಮೇಲೆ ಕುಳಿತದ್ದು ನಾಳೆ ಪಕ್ಕದವರ ತೆಂಗು, ಹುಣಸೆ, ಹೊಂಗೆಗೂ ಬೇಕು. ಶಿರಾ, ಪಾವಗಡಗಳಂಥ ಒಣಸೀಮೆಯಲ್ಲಂತೂ ಬೇಸಿಗೆಯಲ್ಲಿ ಹೂವಿರುವ ತೋಟಗಳೇ ಅಪರೂಪ. ಅಲ್ಲಿ ಒಬ್ಬರು ತಪ್ಪಿದರೂ ನಾಲ್ಕು ಊರಿಗೆ ನಷ್ಟ. ಆದುದರಿಂದ ಇದು ಒಬ್ಬೊಬ್ಬರ ಪುಣ್ಯದ ಮಾತಲ್ಲ, ಸಹಕಾರದ ಮಾತು.

ಸದಸ್ಯರಲ್ಲಿ ನನ್ನ ವಿನಂತಿ ಮೂರು. ಅರಳಿದ ಹೊಂಬಾಳೆಗೂ ಕಾಫಿ ಹೂವಿಗೂ ಕೀಟನಾಶಕ ಹೊಡೆಯಬೇಡಿ. ಅನಿವಾರ್ಯವಾದರೆ ಜೇನು ಗೂಡು ಸೇರಿದ ಮೇಲೆ, ಸಂಜೆ ಹೊಡೆಯಿರಿ, ಅಕ್ಕಪಕ್ಕದ ತೋಟದವರಿಗೆ ಹಿಂದಿನ ದಿನವೇ ತಿಳಿಸಿ. ಮರಕ್ಕೆ ಕಟ್ಟಿದ ಹೆಜ್ಜೇನಿಗೆ ಬೆಂಕಿ ಹಿಡಿಯಬೇಡಿ. ಔಷಧಿ ಕಲಸುವ ಮುನ್ನ ಐದು ನಿಮಿಷ ತೋಟದಲ್ಲಿ ಸುಮ್ಮನೆ ನಿಂತು ಆಲಿಸಿ. ಝೇಂಕಾರ ಕೇಳಿಸಿದರೆ ಪಂಪನ್ನು ಕೆಳಗಿಡಿ.

ಮೊದಲನೆಯದನ್ನು ಸಂಘದ ನಿಯಮವಾಗಿಸಲು ಮುಂದಿನ ವಾರ್ಷಿಕ ಮಹಾಸಭೆಯಲ್ಲಿ ಠರಾವು ಮಂಡಿಸಲಿದ್ದೇನೆ. ಭಿನ್ನಾಭಿಪ್ರಾಯವುಳ್ಳವರು ತಪ್ಪದೆ ಬಂದು ಮಾತನಾಡಬೇಕು. ಕಟೀಲಿಗೂ ಶ್ರೀಶೈಲಕ್ಕೂ ಹೋಗುವವರು ಹೋಗಿಬನ್ನಿ. ಹಿಂತಿರುಗಿ ಬಂದಾಗ ತೋಟದಲ್ಲೂ ಆ ದನಿ ಇರಬೇಕು.

ಇತಿ ತಮ್ಮ ವಿಶ್ವಾಸಿ,
ಕಾರ್ಯದರ್ಶಿ