ಕವಾಯತಿನ ಬೆವರಿಗೂ ಸಂಬಳ ಬೇಡವೇ?

ತೆಲಂಗಾಣದಲ್ಲಿ ಕಾನ್‌ಸ್ಟೆಬಲ್ ಹುದ್ದೆಗೆ ಆಯ್ಕೆಯಾದವರು ಮೊದಲು ‘ಸ್ಟೈಪೆಂಡರಿ ಕೆಡೆಟ್ ಟ್ರೈನಿ’ಗಳು. ಸುಮಾರು 9 ತಿಂಗಳ ತರಬೇತಿ ಮುಗಿಯುವವರೆಗೆ ಅವರಿಗೆ ದೊರೆಯುವುದು ಸಂಬಳವಲ್ಲ, ಶಿಷ್ಯವೇತನ. ಅದೇ ರಾಜ್ಯದ ರಾಜಧಾನಿ ಹೈದರಾಬಾದಿನ ರಾಷ್ಟ್ರೀಯ ಪೊಲೀಸ್ ಅಕಾಡೆಮಿಯಲ್ಲಿ ತರಬೇತಿ ಪಡೆಯುವ ಐಪಿಎಸ್ ಅಧಿಕಾರಿಗಳಿಗಾದರೋ ಆಗಲೇ ವೇತನಶ್ರೇಣಿಯ ಸಂಬಳ ಸಲ್ಲುತ್ತದೆ. ಕಲಿಕೆ ಇಬ್ಬರದೂ ಕಲಿಕೆಯೇ ಅಲ್ಲವೇ?

ಕಲಿಯುವವರಿಗೆ ಸಂಬಳವೇಕೆ ಎನ್ನುವವರುಂಟು. ಬಿ.ಎಡ್. ವಿದ್ಯಾರ್ಥಿಗಳು ಶುಲ್ಕ ತೆತ್ತೇ ಕಲಿಯುತ್ತಾರೆಂಬುದನ್ನು ಶಿಕ್ಷಕನಾಗಿದ್ದ ನಾನು ಬಲ್ಲೆ. ಆದರೆ ಅವರು ಸಂಜೆ ಮನೆಪಾಠ ಹೇಳಿ ನಾಲ್ಕು ಕಾಸು ಸಂಪಾದಿಸಬಲ್ಲರು. ಪೊಲೀಸ್ ಶಿಬಿರದಲ್ಲಿರುವವರ ಹಗಲಿರುಳೂ ಇಲಾಖೆಯದು. ಊರಿನಲ್ಲಿ ಮನೆಯ ಖರ್ಚು ಮಾತ್ರ ನಿಲ್ಲದು.

ಊಟದ ವೆಚ್ಚವನ್ನು ಬೇಕಾದರೆ ಸರಕಾರ ಮುರಿದುಕೊಳ್ಳಲಿ. ನಡುವೆ ಬಿಟ್ಟುಹೋದವರಿಂದ ಹಣ ವಸೂಲು ಮಾಡಲಿ. ಆದರೆ ಪೂರ್ಣ ಸಂಬಳವು ಮೊದಲ ಕವಾಯತಿನ ದಿನದಿಂದಲೇ ಸಲ್ಲತಕ್ಕದ್ದೆಂದು ನನ್ನ ಅಭಿಪ್ರಾಯ.