ಒಲೆಗೆ ಮೊದಲು ಪ್ಲಗ್ಗು ನೋಡಿ

ಹಾಸನದ ನನ್ನ ರಿಪೇರಿ ಅಂಗಡಿಗೆ ಬರುವವರು ಮೊದಲು ಕೇಳುವುದು ಒಂದೇ ಮಾತು: ‘ಅಣ್ಣಾ, ಯಾವ ಕಂಪನಿದು ತಗೊಳ್ಳಲಿ?’ ಕೆಟಲ್ ಇರಲಿ, ಇಂಡಕ್ಷನ್ ಒಲೆ ಇರಲಿ, ಬೆಟ್ಟಕ್ಕೆ ಒಯ್ಯುವ ಪುಟ್ಟ ಗ್ಯಾಸ್ ಸ್ಟವ್ ಇರಲಿ, ಎಲ್ಲರಿಗೂ ಬೇಕಾದ್ದು ಒಂದು ಹೆಸರು. ನಾನು ಹೆಸರು ಹೇಳುವುದಿಲ್ಲ. ‘ನಿಮ್ಮ ಪ್ಲಗ್ಗು ಎಷ್ಟು ಆಂಪಿಯರಿಂದು? ಏನು ಬೇಯಿಸ್ತೀರಿ? ಯಾವ ಪಾತ್ರೆಲಿ?’ ಎಂದು ತಿರುಗಿ ಕೇಳುತ್ತೇನೆ. ಕೆಲವರಿಗೆ ಸಿಟ್ಟೇ ಬರುತ್ತದೆ. ಆದರೆ ನನ್ನ ಮೇಜಿನ ಮೇಲೆ ಬಿಚ್ಚಿ ಬಿದ್ದಿರುವ ಸಾಮಾನುಗಳಲ್ಲಿ ಕಂಪನಿ ಕೆಟ್ಟದ್ದಾಗಿ ಹಾಳಾದವು ಕಡಿಮೆ, ಸಲ್ಲದ ಜಾಗಕ್ಕೆ ಹೋಗಿ ಸುಟ್ಟುಕೊಂಡವೇ ಹೆಚ್ಚು.

ಲೆಕ್ಕ ಕಷ್ಟದ್ದಲ್ಲ. ಡಬ್ಬಿಯ ಮೇಲಿನ ವಾಟನ್ನು 230ರಿಂದ ಭಾಗಿಸಿದರೆ ಆಂಪಿಯರ್ ಸಿಗುತ್ತದೆ. 2000 ವಾಟಿನ ಇಂಡಕ್ಷನ್ ಒಲೆ ಪೂರ್ತಿ ಉರಿಯಲ್ಲಿ 8.7 ಆಂಪಿಯರ್ ಎಳೆಯುತ್ತದೆ, 1500 ವಾಟಿನ ಕೆಟಲ್ 6.5. ಮೊಬೈಲ್ ಚಾರ್ಜರ್ ಚುಚ್ಚುವ ಸಣ್ಣ ಸಾಕೆಟ್ಟಿನ ಮಿತಿ 6 ಆಂಪಿಯರ್, ಗೀಜರಿನ ದೊಡ್ಡ ಸಾಕೆಟ್ಟಿನದು 16. ದೊಡ್ಡ ಪಿನ್ನಿನ ಒಲೆಯನ್ನು ಕನ್ವರ್ಟರ್ ಹಾಕಿ ಸಣ್ಣ ಸಾಕೆಟ್ಟಿಗೆ ಸಿಕ್ಕಿಸಿ, ಅದನ್ನೂ ಎಕ್ಸ್‌ಟೆನ್ಶನ್ ಬಾಕ್ಸಿನಲ್ಲಿಟ್ಟು ಅನ್ನಕ್ಕಿಟ್ಟರೆ ಅಕ್ಕಿ ಬೇಯುವಷ್ಟರಲ್ಲಿ ಬಾಕ್ಸಿನ ಪ್ಲಾಸ್ಟಿಕ್ ಮೆತ್ತಗಾಗಿರುತ್ತದೆ. ಪಿ.ಜಿ. ಹುಡುಗರು ನನಗೆ ತಂದು ತೋರಿಸುವುದು ಇಂಥ ಕಂದು ಬಾಕ್ಸುಗಳನ್ನೇ. ‘ಒಲೆ ಕೆಟ್ಟಿದೆ’ ಅನ್ನುತ್ತಾರೆ. ಒಲೆಗೇನೂ ಆಗಿರುವುದಿಲ್ಲ.

ಇನ್ನು ಮೂರನೆಯ ಪಿನ್ನು. ಅದು ಅಂದಕ್ಕಿಟ್ಟದ್ದಲ್ಲ, ಅರ್ಥಿಂಗ್. ಎರಡು ಪಿನ್ನಿನ ಅಡಾಪ್ಟರಿನಲ್ಲಿ ಸ್ಟೀಲ್ ಕೆಟಲ್ ಓಡಿಸುವವರು ಒದ್ದೆ ಕೈಯಲ್ಲಿ ಅದನ್ನು ಮುಟ್ಟಿ ‘ಜುಮ್ ಅಂತು’ ಎಂದು ನಗುತ್ತಾರೆ. ಆ ಜುಮ್ಮು ಪ್ರತಿಸಲವೂ ನಗುವಷ್ಟಕ್ಕೇ ನಿಲ್ಲುವುದಿಲ್ಲ. ಕೆಂಪಗೆ ಉರಿಯುವ ತೆರೆದ ಕಾಯಿಲ್ ಒಲೆಯಂತೂ ಸಂತೆಯಲ್ಲಿ ಎಷ್ಟೇ ಅಗ್ಗಕ್ಕೆ ಸಿಕ್ಕರೂ ಬೇಡ. ಉಕ್ಕಿದ ಸಾರು ಆ ಸುರುಳಿಗೆ ಬಿದ್ದರೆ ಪಾತ್ರೆಗೇ ಕರೆಂಟು ಬರುತ್ತದೆ.

ಸಕಲೇಶಪುರದ ಕಡೆಯ ಹೋಂಸ್ಟೇಗಳವರ ತಕರಾರು ಬೇರೆ: ‘ಕೆಟಲ್ ನಿಧಾನ.’ ಅಲ್ಲಿ ಮಳೆಗಾಲದಲ್ಲಿ ವೋಲ್ಟೇಜ್ 180ಕ್ಕೆ ಇಳಿದರೆ 1500 ವಾಟಿನ ಕೆಟಲ್ 920 ವಾಟಿನದಾಗುತ್ತದೆ. ನಾಲ್ಕು ನಿಮಿಷದ ನೀರಿಗೆ ಆರೂವರೆ ನಿಮಿಷ. ಕೆಟಲ್ ಹೇಗೋ ತೆವಳುತ್ತದೆ. ಇಂಡಕ್ಷನ್ ಒಲೆಗೆ ಅಷ್ಟೂ ಸಹನೆಯಿಲ್ಲ, ವೋಲ್ಟೇಜ್ ತೀರಾ ಬಿದ್ದರೆ ‘ಇ’ ಅಕ್ಷರದ ಪಕ್ಕ ಒಂದು ಅಂಕಿ ತೋರಿಸಿ ಕೂಗಿ ನಿಂತುಬಿಡುತ್ತದೆ. ಮನೆಯ ಸಾಮಾನ್ಯ ಯುಪಿಎಸ್‌ಗೆ ಇವೆರಡನ್ನೂ ಜೋಡಿಸುವ ಆಸೆ ಬಿಡಿ, ಅದು ಫ್ಯಾನು ಲೈಟಿಗೆ ಇರುವುದು.

ಕೆಟಲ್ ತಾನೇ ಆರುವುದು ಹೇಗೆಂದು ಗೊತ್ತಿದ್ದರೆ ಅರ್ಧ ರಿಪೇರಿ ತಪ್ಪುತ್ತದೆ. ನೀರು ಕುದಿದಾಗ ಆವಿ ಒಂದು ಸಣ್ಣ ದಾರಿಯಲ್ಲಿ ಹೋಗಿ ಎರಡು ಲೋಹ ಬೆಸೆದ ಒಂದು ತಗಡಿಗೆ ತಾಗುತ್ತದೆ. ತಗಡು ಬಿಸಿಗೆ ಬಾಗಿ ಸ್ವಿಚ್ ಎಗರಿಸುತ್ತದೆ. ಮುಚ್ಚಳ ತೆಗೆದಿಟ್ಟರೆ ಆವಿ ಮೇಲಕ್ಕೇ ಹೋಗುತ್ತದೆ, ತಗಡಿಗೆ ತಾಗುವುದೇ ಇಲ್ಲ, ಕೆಟಲ್ ಆರುವುದಿಲ್ಲ. ಮುಚ್ಚಳ ತೆಗೆದು ಮ್ಯಾಗಿ ಬೇಯಿಸುವುದೂ ಹಾಲು ಕಾಯಿಸುವುದೂ ಹಾಳು ಮಾಡುವುದು ಹೀಗೆ: ಉಕ್ಕಿದ್ದು ಕೆಳಗಿನ ತಟ್ಟೆಯ ಸಂದಿಗೆ ಇಳಿದು ಅಲ್ಲಿನ ಕಾಂಟ್ಯಾಕ್ಟನ್ನು ಸುಡುತ್ತದೆ. ಬೇಯಿಸಲೇಬೇಕಿದ್ದರೆ ಅಗಲ ಬಾಯಿಯ, ಉರಿ ತಿರುಗಿಸುವ ಗುಂಡಿಯಿರುವ ಮಲ್ಟಿ ಕುಕ್ ಕೆಟಲ್ ಬರುತ್ತದೆ. 600ರಿಂದ 800 ವಾಟಿನದಾದರೆ ಸಣ್ಣ ಸಾಕೆಟ್ಟಿಗೂ ಹೊರೆಯಲ್ಲ. ಒಬ್ಬರ ಅನ್ನ, ಎರಡು ಮೊಟ್ಟೆ, ಒಂದು ಲೋಟ ಕಾಫಿಗೆ ಸಾಕು. ಬೋರ್‌ವೆಲ್ ನೀರಿನವರು ತಳದ ಬಿಳಿ ಗಟ್ಟಿಯನ್ನು ಚಾಕುವಿನಿಂದ ಕೆರೆಯಬೇಡಿ. ಹುಣಸೆಹಣ್ಣು ಕಿವುಚಿದ ನೀರು ಕುದಿಸಿ ಒಂದು ಗಂಟೆ ಬಿಡಿ, ಸುಣ್ಣ ತಾನೇ ಬಿಟ್ಟುಕೊಳ್ಳುತ್ತದೆ.

ಇಂಡಕ್ಷನ್ ಒಲೆಯಲ್ಲಿ ಗಾಜಿನ ಕೆಳಗಿನ ಸುರುಳಿ ಅಯಸ್ಕಾಂತದ ಶಕ್ತಿಯನ್ನು ಬೇಗ ಬೇಗ ಬದಲಿಸುತ್ತದೆ. ಆಗ ಪಾತ್ರೆಯ ತಳದಲ್ಲೇ ಕರೆಂಟು ಹುಟ್ಟಿ ತಳ ಕಾಯುತ್ತದೆ. ಫ್ರಿಜ್ಜಿಗೆ ಅಂಟಿಸುವ ಅಯಸ್ಕಾಂತ ತಳಕ್ಕೆ ಗಟ್ಟಿಯಾಗಿ ಹಿಡಿದರೆ ಆ ಪಾತ್ರೆ ನಡೆಯುತ್ತದೆ. ಅಲ್ಯೂಮಿನಿಯಂ ದಬರಿ, ತಾಮ್ರದ ತಪ್ಪಲೆ, ಮಣ್ಣಿನ ಮಡಕೆ ನಡೆಯುವುದಿಲ್ಲ. ದುಂಡು ತಳದ ಬಾಣಲೆಯೂ ಅಷ್ಟೆ. ಬಾಣಲೆಯಲ್ಲಿ ಅಕ್ಕಿರೊಟ್ಟಿ ತಟ್ಟುವ ನಮ್ಮ ಕಡೆಯ ಮನೆಗಳಿಗೆ ಇದು ಸಣ್ಣ ಮಾತಲ್ಲ. ಒಲೆಯ ಬೆಲೆಗೆ ಹೊಸ ಪಾತ್ರೆಗಳ ಬೆಲೆಯನ್ನೂ ಕೂಡಿಸಿಯೇ ಅಂಗಡಿಗೆ ಹೋಗಬೇಕು.

ಹಾಗಾಗಿ ನನ್ನದೊಂದು ಮುದ್ದೆ ಪರೀಕ್ಷೆ ಇದೆ. ಜಾಹೀರಾತುಗಳಲ್ಲಿ ನೂಡಲ್ಸ್ ಬೇಯುತ್ತದೆ, ಕಾಫಿ ಕುದಿಯುತ್ತದೆ. ನಮ್ಮ ಊಟ ಕೋಲು ಹಾಕಿ ತೊಳಸುವಂಥದ್ದು. ಒಂದು ಕೈಯಲ್ಲಿ ಪಾತ್ರೆ ಹಿಡಿದು, ಇನ್ನೊಂದು ಕೈಯ ಬಲವೆಲ್ಲ ಮುದ್ದೆಕೋಲಿಗೆ ಹಾಕಿದಾಗ ಗಾಜಿನ ಮೇಲೆ ಪಾತ್ರೆ ಜಾರುತ್ತದೆ, ಗಾಜಿಗೂ ಏಟು ಬೀಳುತ್ತದೆ. ನಮ್ಮ ಮನೆಯಾಕೆ ಎಸರಿಗೆ ಮಾತ್ರ ಇಂಡಕ್ಷನ್ ಬಳಸಿ, ಹಿಟ್ಟು ಬೆಂದ ಮೇಲೆ ಪಾತ್ರೆಯನ್ನು ನೆಲಕ್ಕಿಳಿಸಿಕೊಂಡು ತೊಳಸುತ್ತಾಳೆ. ಇದು ಸರಿಯಾದ ಕ್ರಮ. ಬದನೆಕಾಯಿ ಸುಡಬೇಕು, ಹಳೆಯ ಪಾತ್ರೆ ಬಿಡಲಾರೆ ಅನ್ನುವವರಿಗೆ ಇನ್‌ಫ್ರಾರೆಡ್ ಒಲೆ ಇದೆ. ತಳ ಚಪ್ಪಟೆಯಾಗಿದ್ದರೆ ಯಾವ ಲೋಹವಾದರೂ ಸರಿ. ಆದರೆ ಆರಿಸಿದ ಮೇಲೂ ಅದರ ಗಾಜು ಬಹಳ ಹೊತ್ತು ಸುಡುತ್ತಿರುತ್ತದೆ, ಮಕ್ಕಳಿರುವ ಮನೆಯಲ್ಲಿ ನೆಲದ ಮೇಲೆ ಇಡಬಾರದು. ಯಾವುದೇ ಆಗಲಿ, ಅಡುಗೆ ಮುಗಿದೊಡನೆ ಗೋಡೆಯ ಸ್ವಿಚ್ ತೆಗೆಯಬೇಡಿ. ಒಳಗಿನ ಫ್ಯಾನು ನಿಲ್ಲುವ ತನಕ ಕಾಯಿರಿ. ಒಲೆಯಡಿಗೆ ಪೇಪರ್ ಹಾಸಿದರೆ ಗಾಳಿಯ ಕಿಂಡಿ ಮುಚ್ಚುತ್ತದೆ, ಒಳಗಿನ ಬೋರ್ಡು ಸುಡುತ್ತದೆ. ಬೆಚ್ಚಗಿನ ಆ ಕಿಂಡಿಗೆ ಜಿರಳೆ ಸೇರಿಕೊಂಡು ಶಾರ್ಟ್ ಆದ ಒಲೆಗಳೂ ನನ್ನಲ್ಲಿಗೆ ಬರುತ್ತವೆ.

ಖರ್ಚಿನ ಮಾತು. ಒಂದು ಲೀಟರ್ ನೀರು ಕುದಿಸಲು ಕೆಟಲಿಗೆ ಸುಮಾರು 0.1 ಯೂನಿಟ್ ಬೇಕು. ಒಳ್ಳೆಯ ಗ್ಯಾಸ್ ಒಲೆಗೆ ಸುಮಾರು 10 ಗ್ರಾಂ ಅನಿಲ. ನಿಮ್ಮ ಬಿಲ್ಲು, ಸಿಲಿಂಡರಿನ ಬೆಲೆ ಹಿಡಿದು ನೀವೇ ಗುಣಿಸಿ, ಪೈಸೆಗಳ ವ್ಯತ್ಯಾಸ. ಅಷ್ಟಕ್ಕಾಗಿ ಗ್ಯಾಸ್ ಒಲೆ ಎಸೆಯುವುದೂ ಬೇಡ, ಇಂಡಕ್ಷನ್ನಿಗೆ ಹೆದರುವುದೂ ಬೇಡ.

ಬೆಟ್ಟದ ಕಥೆ ಬೇರೆ. ಕಾರಿನ ಸಿಗರೇಟ್ ಲೈಟರಿಗೆ ಸಿಕ್ಕಿಸುವ ಕೆಟಲ್ ತಂದವರಿಗೆ ಹೇಳುತ್ತೇನೆ: ಆ ಸಾಕೆಟ್ಟಿನಿಂದ 150 ವಾಟ್ ಬಂದರೆ ಹೆಚ್ಚು, ಅರ್ಧ ಲೀಟರ್ ಕುದಿಯಲು ಇಪ್ಪತ್ತು ನಿಮಿಷ. ಚಾರಣಕ್ಕೆ ಹೊಂದುವುದು 225 ಗ್ರಾಮಿನಷ್ಟು ಅನಿಲ ಹಿಡಿಯುವ ಬ್ಯುಟೇನ್ ಡಬ್ಬದ ಸ್ಟವ್. ಗಾಳಿಯ ಅಡ್ಡಿಯಿಲ್ಲದಿದ್ದರೆ ಒಂದು ಡಬ್ಬದಲ್ಲಿ ಹತ್ತು ಹದಿನೈದು ಲೀಟರ್ ನೀರು ಕುದಿಯುತ್ತದೆ. ಆದರೆ ಚಳಿ ಸೊನ್ನೆ ಡಿಗ್ರಿಯ ಆಸುಪಾಸಿಗೆ ಇಳಿದರೆ ಬ್ಯುಟೇನ್ ಆವಿಯಾಗುವುದಿಲ್ಲ. ನಮ್ಮ ಘಟ್ಟಕ್ಕೆ ಸರಿ, ಚಳಿಗಾಲದ ಹಿಮಾಲಯಕ್ಕೆ ಪ್ರೊಪೇನ್ ಬೆರೆಸಿದ ಡಬ್ಬವೇ ಬೇಕು. 1930 ಮೀಟರಿನ ಮುಳ್ಳಯ್ಯನಗಿರಿಯ ಎತ್ತರದಲ್ಲಿ ನೀರು ಸುಮಾರು 94 ಡಿಗ್ರಿಗೇ ಕುದಿಯುತ್ತದೆ, ಬೇಳೆ ಸತಾಯಿಸುತ್ತದೆ. ಅಂಥ ಕಡೆಗೆ ಅವಲಕ್ಕಿ ಒಯ್ಯಿರಿ. ಇಲ್ಲವೇ ಬೆಂಕಿಯೇ ಬೇಡದ ರಾಗಿ ಹುರಿಹಿಟ್ಟು, ಬೆಲ್ಲ. ಕುಮಾರಪರ್ವತದ ದಾರಿಯಲ್ಲಿ ಚಾರಣಿಗರಿಗೆ ಬಡಿಸುವ ಭಟ್ಟರ ಮನೆಯ ಊಟ ಇರುವಾಗ ಒಲೆ ಹೊರುವ ಹಟವಾದರೂ ಯಾಕೆ? ಮೇಲಾಗಿ ಅಭಯಾರಣ್ಯಕ್ಕೆ ಅಪಾಯವಾಗುವಂತೆ ಬೆಂಕಿ ಹಚ್ಚುವುದು 1972ರ ವನ್ಯಜೀವಿ ಕಾಯ್ದೆಯ 30ನೇ ಸೆಕ್ಷನ್ನಿನಲ್ಲಿ ನಿಷಿದ್ಧ. ಬೇಸಿಗೆಯ ಒಣ ಹುಲ್ಲಿಗೆ ಸ್ಟವ್ವಿನ ಬೆಂಕಿ, ಕಟ್ಟಿಗೆಯ ಬೆಂಕಿ ಎಂಬ ಭೇದವಿಲ್ಲ.

ಖಾಲಿ ಬ್ಯುಟೇನ್ ಡಬ್ಬಕ್ಕೆ ಅಡುಗೆ ಸಿಲಿಂಡರಿನಿಂದ ಗ್ಯಾಸ್ ತುಂಬುವ ನಳಿಕೆ ಆನ್‌ಲೈನಿನಲ್ಲಿ ಸಿಗುತ್ತದೆ. ‘ಹಾಕ್ಕೊಡಿ’ ಎಂದು ತಂದವರನ್ನು ವಾಪಸ್ ಕಳಿಸುತ್ತೇನೆ. ಎಲ್‌ಪಿಜಿಯಲ್ಲಿ ಪ್ರೊಪೇನೂ ಇರುವುದರಿಂದ ಒತ್ತಡ ಹೆಚ್ಚು, ಆ ತೆಳು ತಗಡು ಅದಕ್ಕೆ ಮಾಡಿದ್ದಲ್ಲ. ಟೆಂಟಿನೊಳಗೆ ಸ್ಟವ್ ಹಚ್ಚಿದರೆ ಬಣ್ಣ, ವಾಸನೆಯಿಲ್ಲದ ಕಾರ್ಬನ್ ಮೊನಾಕ್ಸೈಡ್ ತುಂಬಿ ಮಲಗಿದವರು ಏಳುವುದಿಲ್ಲ. ರೈಲಿನಲ್ಲಿ ಸಿಲಿಂಡರ್ ಒಯ್ಯುವವರಿಗೆ ಮದುರೈ ನೆನಪಿರಲಿ. 2023ರ ಆಗಸ್ಟ್ 26ರಂದು ಅಲ್ಲಿ ನಿಂತಿದ್ದ ಪ್ರವಾಸಿ ಬೋಗಿಗೆ ಬೆಂಕಿ ಬಿದ್ದು 9 ಮಂದಿ ಸತ್ತರು. ಕದ್ದುಮುಚ್ಚಿ ತಂದಿದ್ದ ಸಿಲಿಂಡರೇ ಕಾರಣವೆಂದು ರೈಲ್ವೆ ಹೇಳಿತು.

ನನ್ನ ತೀರ್ಮಾನ ಇಷ್ಟು. ಮನೆಗೂ ಬೆಟ್ಟಕ್ಕೂ ಸಲ್ಲುವ ಒಂದೇ ಒಲೆ ಇಲ್ಲ, ಇದೆ ಅನ್ನುವವರು ಮಾರಲು ಕೂತವರು. ರೂಮಿನ ಹುಡುಗರಿಗೆ ಮಲ್ಟಿ ಕುಕ್ ಕೆಟಲ್, ಗ್ಯಾಸೇ ಬೇಕಾದರೆ ವಿಳಾಸದ ಪುರಾವೆ ಕೇಳದೆ ಕೊಡುವ 5 ಕಿಲೋ ಸಿಲಿಂಡರ್. ಸಂಸಾರಸ್ಥರಿಗೆ ಗ್ಯಾಸಿನ ಜೊತೆಗೆ 16 ಆಂಪಿಯರ್ ಪ್ಲಗ್ಗಿನಲ್ಲೊಂದು ಇಂಡಕ್ಷನ್. ಕೊಳ್ಳುವಾಗ ಐಎಸ್‌ಐ ಮುದ್ರೆಯ ಕೆಳಗಿನ ಲೈಸೆನ್ಸ್ ಸಂಖ್ಯೆಯನ್ನು ಬಿಐಎಸ್ ಕೇರ್ ಆ್ಯಪಿನಲ್ಲಿ ಹಾಕಿ ನೋಡಿ. ತಯಾರಕರು ಡಬ್ಬಿಯ ಮೇಲೆ ವಾಟಿನ ಪಕ್ಕದಲ್ಲೇ ಆಂಪಿಯರನ್ನೂ ಕನ್ನಡದಲ್ಲಿ ದೊಡ್ಡದಾಗಿ ಅಚ್ಚು ಹಾಕಲಿ. ಪಿ.ಜಿ., ಹೋಂಸ್ಟೇ ನಡೆಸುವವರು ‘ಕೆಟಲ್ ಬಳಸಬಾರದು’ ಎಂದು ಬೋರ್ಡು ಹಾಕುವ ಬದಲು ಮಹಡಿಗೊಂದರಂತೆ ಅರ್ಥಿಂಗ್ ಇರುವ ದೊಡ್ಡ ಸಾಕೆಟ್ಟು ಹಾಕಿಸಲಿ. ಬೋರ್ಡು ನೋಡಿ ಕೆಟಲ್ ಬಿಟ್ಟವರನ್ನು ನಾನಂತೂ ಕಂಡಿಲ್ಲ.